ಹೊರೆಗಲ್ಲು

ಟೆಂಡರಿನ ಮೂರನೇ ಪುಟದಲ್ಲಿತ್ತು: ‘ಹಳೆಯ ಕಾಲದ ಅನುಭವ’.
ನಲವತ್ತು ಬೆಂಚು, ಆರು ದೀಪದ ಕಂಬ,
ಹೂವಿನ ಗಿಡ ನೆಡಲು ಒಂದು ದೋಣಿ.
ಮಳೆಗಾಲದೊಳಗೆ ಮುಗಿಸತಕ್ಕದ್ದು.

ನಾನು ಗದಗಿನವಳು.
ನನ್ನ ಬಾಲ್ಯದಲ್ಲಿ ಸಮುದ್ರವೇ ಇರಲಿಲ್ಲ.
ಆದರೂ ಕಾರವಾರದ ಕಡಲದಂಡೆಗೆ
ನೆನಪು ಬರೆದುಕೊಡುವ ಕೆಲಸ ನನ್ನ ಪಾಲಿಗೇ ಬಂತು.
ಕಾಜುಬಾಗದ ಬಾಡಿಗೆ ಕೋಣೆಯಲ್ಲಿ ಕೂತು
ಯಾರದೋ ಅಜ್ಜನ ಫೋಟೋದಿಂದ ಎತ್ತಿಕೊಂಡೆ
ದೋಣಿಯ ಮಾಸಿದ ನೀಲಿ.
ಅದಕ್ಕೊಂದು ನಂಬರು ಕೊಟ್ಟೆ.

ಮಾಜಾಳಿಯ ಪುರುಸೋ ಮೇಸ್ತನದು
ಐವತ್ತು ವರ್ಷ ದೋಣಿ ಕಟ್ಟಿದ ಕೈ.
ಹಲಗೆ ಸಂದಿಗೆ ಹತ್ತಿ ತುರುಕಿ, ಗೇರೆಣ್ಣೆ ಬಳಿದು,
ಉಪ್ಪು ಒಳಬಾರದಂತೆ, ಹುಳ ಮುಟ್ಟದಂತೆ
ಮರವನ್ನು ಕಾದು ಕಾದು ಸವೆದ ಕೈ.
ಆ ಕೈಗೆ ನಾನು ಹೇಳಿದ್ದು:
ಹೊಸ ಹಲಗೆಯನ್ನು ತಂತಿ ಬ್ರಷ್ಷಿನಲ್ಲಿ ಕೆರೆಯಿರಿ,
ಚಹಾ ಡಿಕಾಕ್ಷನ್ನು, ವಿನೆಗರು, ಕಬ್ಬಿಣದ ಪುಡಿ,
ಮೂರು ದಿನದಲ್ಲಿ ಮೂವತ್ತು ವರ್ಷ ಆಗಬೇಕು.

ಎದ್ದು ಹೋಗಿ ಎಲೆಯಡಿಕೆ ಉಗಿದು ಬಂದು ಕೇಳಿದ:
‘ಮುದಿ ಮಾಡ್ಲಿಕ್ಕೂ ಕೂಲಿ ಅಷ್ಟೆಯೋ?’

ಮಾಡಿದ. ನಾನು ಹೇಳಿದ್ದಕ್ಕಿಂತ ಚೆನ್ನಾಗಿ ಮಾಡಿದ.
ಹಗ್ಗ ಎಲ್ಲಿ ಉಜ್ಜುತ್ತದೆ, ತೊಡೆ ಎಲ್ಲಿ ಒತ್ತುತ್ತದೆ,
ಬೇಸರದ ಉಗುರು ಯಾವ ಅಂಚನ್ನು ಕೆರೆಯುತ್ತದೆ,
ಎಲ್ಲ ಅವನಿಗೆ ಗೊತ್ತಿತ್ತು.
ನೋಡುತ್ತ ನಿಂತವಳಿಗೆ ನಮ್ಮ ಓಣಿಯ ಬಾವಿ,
ಅದರ ಕಲ್ಲಿನಲ್ಲಿ ಹಗ್ಗ ಕೊರೆದ ಗೆರೆ,
ಗೆರೆಯೊಳಗೆ ಸರಿಯಾಗಿ ಕೂರುತ್ತಿದ್ದ ನನ್ನ ಕಿರುಬೆರಳು.
ಯಾರಿಗೂ ಹೇಳಲಿಲ್ಲ. ಅದು ಟೆಂಡರಿನಲ್ಲಿರಲಿಲ್ಲ.

ಒಂದು ಬೆಂಚಿಗೆ ಮಾತ್ರ, ಕೇಳದೆ, ಮೀನೆಣ್ಣೆ ಬಳಿದಿದ್ದ.
ಇಂಜಿನಿಯರು ಕರವಸ್ತ್ರ ಹಿಡಿದು ಹಿಂದೆ ಸರಿದರು.
‘ಹಳೇದು ಇರಲಿ ಮೇಡಂ, ನಾತ ಬೇಡ.’
ಉಜ್ಜಿ ತೊಳೆಸಿದೆ.

ಬೆಂಚುಗಳೆಲ್ಲ ಪಶ್ಚಿಮಕ್ಕೆ ಮುಖ ಮಾಡಿ ಕೂತವು.
ಬೈತಖೋಲದಿಂದ ಬುಟ್ಟಿ ಹೊತ್ತು ಬಂದ ಬುದವಂತಿ
ಬೆವರೊರೆಸುತ್ತ ನಿಂತಳು, ಕೂರಲಿಲ್ಲ.
‘ಇದು ಎಂತಕ್ಕೆ?’
ಸಮುದ್ರ ನೋಡಲಿಕ್ಕೆ, ಅಂದೆ.
‘ಸಮುದ್ರ ನೋಡ್ಲಿಕ್ಕೆ ನಾವು ಯಾವಾಗ ಕೂತದ್ದು ಮಾರಾಯ್ತಿ?
ದೋಣಿ ಬರದ ದಿನ ನೋಡಿದ್ದು. ನಿಂತೇ ನೋಡಿದ್ದು.’

ಬುಟ್ಟಿ ಬೆಂಚಿನ ಮೇಲಿಡಿ, ಅಂದೆ.
‘ಇಟ್ರೆ ಮತ್ತೆ ತಲೆಗೇರಿಸೋರು ಯಾರು? ನೀನೋ?’

ಆಮೇಲೆ ಹೇಳಿದಳು:
ಕೋಡಿಬಾಗದ ತಿರುವಿನಲ್ಲಿ ಒಂದು ಇತ್ತಂತೆ,
ಎರಡು ಕಲ್ಲು ನಿಲ್ಲಿಸಿ ಮೇಲೊಂದು ಅಡ್ಡ.
ಕುತ್ತಿಗೆ ಬಗ್ಗಿಸದೆ ಬುಟ್ಟಿ ಅದರ ಮೇಲೆ ಜಾರಿಸಿ
ಎರಡು ಮಾತು, ಒಂದು ಬೀಡಿ, ಸೆರಗಿನ ಗಾಳಿ,
ಮತ್ತೆ ತಲೆ ಒಡ್ಡಿದರೆ ಆಯಿತು,
ಯಾರ ಹಂಗೂ ಇಲ್ಲ.
ರಸ್ತೆ ಅಗಲವಾದಾಗ ಅದು ಅಡಿಗೆ ಹೋಯಿತು.

ನನ್ನ ಇನ್ನೂರ ಹನ್ನೊಂದು ಹಳೆಯ ಫೋಟೋಗಳಲ್ಲಿ
ಆ ಕಲ್ಲು ಒಂದರಲ್ಲೂ ಇರಲಿಲ್ಲ.
ಟೇಪು ತೆಗೆದೆ.
ನೆಲದಿಂದ ಅವಳ ಭುಜದವರೆಗೆ
ನಾಲ್ಕಡಿ ಎರಡಿಂಚು. ‘ಸರೀ ಅಳಿ,’ ಅಂದಳು,
‘ನನ್ನ ಸೊಸೆ ಇನ್ನೂ ಗಿಡ್ಡ.’
ಎರಡಿಂಚು ಇಳಿಸಿದೆ.

ಬಿಲ್ಲಿನಲ್ಲಿ ಅದು ‘ಅಲಂಕಾರಿಕ ಶಿಲೆ, ಒಂದು’.
ಮೇಸ್ತ ಡಬ್ಬಿ ಹಿಡಿದು ಬಂದ: ‘ಇದಕ್ಕೆ ಎಂತ ಬಳಿಯೂದು?’
ಏನೂ ಬೇಡ, ಅಂದೆ.
ಕಲ್ಲಿನ ಅಂಚಿಗೆ ಹೆಬ್ಬೆರಳು ಓಡಿಸಿ ನೋಡಿ, ಡಬ್ಬಿ ಮುಚ್ಚಿದ.

ಸಂಜೆ ಜನ ನೀಲಿ ಬೆಂಚಿನಲ್ಲಿ ಕೂತು ಫೋಟೋ ಹಿಡಿಯುತ್ತಾರೆ.
ಕೆಲವರಿಗೆ ಕಣ್ಣಂಚು ಒದ್ದೆಯಾಗುತ್ತದೆ, ಸುಳ್ಳಲ್ಲ,
ನಂಬರು ಕೊಟ್ಟ ಆ ಬಣ್ಣಕ್ಕೂ ಅಷ್ಟು ಶಕ್ತಿಯಿದೆ.

ಬೆಳಿಗ್ಗೆ ಆರೂವರೆಗೆ ಹೋಗಬೇಕು.
ಆಗ ಕಲ್ಲಿನ ತಲೆ ತೊಯ್ದಿರುತ್ತದೆ,
ತಾರ್ಲೆಯ ಒಂದೆರಡು ಹುರುಪೆ ಅಂಟಿರುತ್ತವೆ,
ಕಾಗೆಯೊಂದು ಕುಕ್ಕುತ್ತಿರುತ್ತದೆ,
ಮತ್ತೆ ನಾತ.